ಮೊದಲ ಮೀನಿಂಗ್ ಗಟ್ಟಿ ಇರಲಿ: ಡಬಲ್ ಮೀನಿಂಗ್ ಪಿಕ್ಚರ್ ಮಾಡಹೊರಟ ಹೊಸ ಡೈರೆಕ್ಟರ್‌ಗಳಿಗೆ

ನನ್ನ ಹತ್ತಿರ ಕಥೆ ಹಿಡಿದು ಬರುವ ಹುಡುಗರು ಹೆಚ್ಚುಕಮ್ಮಿ ಒಂದೇ ಮಾತು ಹೇಳುತ್ತಾರೆ. ‘ಸಾರ್, ಒಂದು ಮನೆ, ನಾಲ್ಕು ಆರ್ಟಿಸ್ಟು, ಒಂದೇ ಶೆಡ್ಯೂಲು. ಡಬಲ್ ಮೀನಿಂಗ್ ಸಬ್ಜೆಕ್ಟು. ಹಾಕಿದ ದುಡ್ಡು ಎಲ್ಲೂ ಹೋಗಲ್ಲ.’ ದುಡ್ಡು ಎಲ್ಲಿಗೆ ಹೋಗುತ್ತದೆ ಅಂತ ನಾನು ನೋಡಿದ್ದೇನೆ. ಅದಕ್ಕೇ ಇದನ್ನು ಬರೆಯುತ್ತಿದ್ದೇನೆ.

ನಾನು ಡೈರೆಕ್ಟರ್ ಅಲ್ಲ, ಕೋ-ಡೈರೆಕ್ಟರ್. ಡೈಲಾಗ್ ಕೂಡ ಬರೆಯುತ್ತೇನೆ. ಕೆಲವಕ್ಕೆ ಹೆಸರು ಬರುತ್ತದೆ, ಕೆಲವಕ್ಕೆ ಬರುವುದಿಲ್ಲ. ತಿಪಟೂರು ಕಡೆಯವನು. ಈ ಜಾತಿಯ ಪಿಕ್ಚರ್‌ಗಳಲ್ಲೇ ಜಾಸ್ತಿ ಕೆಲಸ ಮಾಡಿದ್ದೇನೆ. ಊರಲ್ಲಿ ನಮ್ಮಮ್ಮ ‘ಮಗ ಸಿನಿಮಾದಲ್ಲಿದ್ದಾನೆ’ ಅಂತ ಹೇಳುತ್ತಾರೆ. ಯಾವ ಸಿನಿಮಾ ಅಂತ ಯಾರಾದರೂ ಕೇಳಿದರೆ ಕಾಫಿ ತರುವುದಕ್ಕೆ ಒಳಗೆ ಹೋಗುತ್ತಾರೆ.

ನಾಚಿಕೆಯ ಮಾತು ಅಲ್ಲಿಗೆ ಸಾಕು. ಇನ್ನು ಕಸುಬಿನ ಮಾತು.

ಮೊದಲು ಕಾಶೀನಾಥ್ ಅವರನ್ನು ನೋಡಿ

ಕನ್ನಡದಲ್ಲಿ ಈ ದಾರಿ ಹಾಕಿಕೊಟ್ಟವರು ಕಾಶೀನಾಥ್. ಕುಂದಾಪುರದ ಹತ್ತಿರದವರು. ಅವರ ಹೆಸರು ಹೇಳಿದರೆ ಹುಡುಗರು ಮುಸಿಮುಸಿ ನಗುತ್ತಾರೆ. ಆದರೆ ಅವರು ಏನೇನು ಮಾಡಿದರು, ಯಾವ ಸಾಲಿನಲ್ಲಿ ಮಾಡಿದರು ಅಂತ ಕೇಳಿದರೆ ಸುಮ್ಮನಾಗುತ್ತಾರೆ. ಅವರು ಶುರು ಮಾಡಿದ್ದು 1976ರಲ್ಲಿ, ‘ಅಪರೂಪದ ಅತಿಥಿಗಳು’ ಚಿತ್ರದಿಂದ. 1978ರಲ್ಲಿ ‘ಅಪರಿಚಿತ’ ಬಂತು. ಅದು ಸಸ್ಪೆನ್ಸ್ ಪಿಕ್ಚರ್. ಅದನ್ನೇ ಹಿಂದಿಯಲ್ಲಿ ಮಿಥುನ್ ಚಕ್ರವರ್ತಿಯನ್ನು ಹಾಕಿಕೊಂಡು ಮತ್ತೆ ತಾವೇ ಮಾಡಿದರು. ‘ಅನುಭವ’ ಬಂದಿದ್ದು ಇಷ್ಟೆಲ್ಲ ಆದ ಮೇಲೆ, 1984ರಲ್ಲಿ.

ಈ ಸಾಲನ್ನು ಯಾಕೆ ಹೇಳುತ್ತೇನೆ ಅಂದರೆ, ಸಸ್ಪೆನ್ಸ್‌ಗೂ ನಮ್ಮ ಹಾಸ್ಯಕ್ಕೂ ವಿದ್ಯೆ ಒಂದೇ. ಪ್ರೇಕ್ಷಕನಿಗೆ ಎಷ್ಟು ಗೊತ್ತು, ಪಾತ್ರಕ್ಕೆ ಎಷ್ಟು ಗೊತ್ತು, ಯಾವುದನ್ನು ಯಾವಾಗ ಬಿಚ್ಚಬೇಕು. ಬಾಗಿಲ ಹಿಂದೆ ಕೊಲೆಗಾರ ಇದ್ದಾನೆ ಅಂತ ಪ್ರೇಕ್ಷಕನಿಗೆ ಗೊತ್ತಿದ್ದರೆ ಭಯ. ಬಾಗಿಲ ಹಿಂದೆ ಮಾವ ನಿಂತಿದ್ದಾರೆ ಅಂತ ಗೊತ್ತಿದ್ದರೆ ನಗು. ಲೆಕ್ಕ ಮಾತ್ರ ಒಂದೇ. ಈ ಲೆಕ್ಕ ಬರದವರು ಬರೀ ಕೆಟ್ಟ ಪದ ಪೋಣಿಸುತ್ತಾರೆ.

ಇನ್ನೊಂದು ವಿಷಯ. ‘ಅನುಭವ’ದಲ್ಲಿ ಅವರೇ ನಾಯಕ. ಹೀರೋ ಮೈಕಟ್ಟು ಇಲ್ಲ. ಬಸ್ ಸ್ಟಾಪಿನಲ್ಲಿ ನಿಂತರೆ ಯಾರೂ ತಿರುಗಿ ನೋಡದ ಆಕಾರ. ಆಸೆ ಇದೆ, ತಿಳಿವಳಿಕೆ ಇಲ್ಲ, ಧೈರ್ಯ ಮೊದಲೇ ಇಲ್ಲ. ಅವರ ಪಾತ್ರಗಳೆಲ್ಲ ಹೆಚ್ಚುಕಮ್ಮಿ ಇದೇ ಥರ. ನಗು ಅವರ ಮೇಲೆ. 1989ರ ‘ಅನಂತನ ಅವಾಂತರ’ದಲ್ಲೂ ಅಷ್ಟೇ, ಅವಾಂತರ ಅನಂತನದ್ದು. ಹೆಂಗಸಿನ ಮೈಯನ್ನು ತೋರಿಸಿ ನಗಿ ಅನ್ನುವುದು ಬೇರೆ. ಅದನ್ನು ನೋಡಿ ತಡವರಿಸುವ ಗಂಡಸನ್ನು ತೋರಿಸಿ ನಗಿ ಅನ್ನುವುದು ಬೇರೆ. ಅವರನ್ನು ಕಾಪಿ ಹೊಡೆದವರಲ್ಲಿ ಬಹಳ ಜನ ಮೊದಲನೆಯದನ್ನು ಮಾಡಿದರು. ಎಷ್ಟು ಜನ ಉಳಿದರು ಅಂತ ನೀವೇ ನೋಡಿ.

‘ಅನುಭವ’ದಲ್ಲಿ ನಟಿಸಿದ ಉಮಾಶ್ರೀ ಮುಂದೆ ‘ಗುಲಾಬಿ ಟಾಕೀಸ್’ ಚಿತ್ರಕ್ಕೆ ರಾಷ್ಟ್ರಪ್ರಶಸ್ತಿ ತಗೊಂಡರು. 2013ರಲ್ಲಿ ರಾಜ್ಯದ ಮಂತ್ರಿಯಾದರು, ಅದೂ ಕನ್ನಡ ಮತ್ತು ಸಂಸ್ಕೃತಿ ಖಾತೆಗೆ. ‘ಇಂಥ ಪಿಕ್ಚರ್‌ನಲ್ಲಿ ಮಾಡಿದರೆ ಹೆಸರು ಹಾಳಾಗುತ್ತೆ’ ಅನ್ನುವ ಆರ್ಟಿಸ್ಟ್‌ಗೆ ನಾನು ಇದನ್ನು ಹೇಳುತ್ತೇನೆ. ಹೇಳಿದ ಮೇಲೆ ನಮ್ಮ ಸ್ಕ್ರಿಪ್ಟ್‌ಗೂ ಆ ಯೋಗ್ಯತೆ ಇರಬೇಕಾಗುತ್ತದೆ, ಅದು ಕಷ್ಟದ ಭಾಗ.

ಬರೆಯುವುದು ಹೇಗೆ

ಡಬಲ್ ಮೀನಿಂಗ್ ಅಂದರೆ ಎರಡು ಅರ್ಥ, ಅಲ್ವಾ? ಬರೆಯುವವರು ಎರಡನೆಯದರ ಬಗ್ಗೆ ಮಾತ್ರ ಯೋಚನೆ ಮಾಡುತ್ತಾರೆ. ನನ್ನ ಪ್ರಕಾರ ಪೂರ್ತಿ ಕೆಲಸ ಇರುವುದು ಮೊದಲನೆಯದರಲ್ಲಿ. ಆ ಮಾತು ಆ ಮನೆಯಲ್ಲಿ, ಆ ಹೊತ್ತಿನಲ್ಲಿ, ಆ ಹೆಂಗಸು ನಿಜವಾಗಿಯೂ ಆಡುವ ಮಾತಾಗಿರಬೇಕು. ಎರಡನೇ ಅರ್ಥ ತಾನಾಗಿ ಕೇಳುವವನ ತಲೆಯಲ್ಲಿ ಹುಟ್ಟಬೇಕು.

ಒಂದು ಸೀನ್ ಹೇಳುತ್ತೇನೆ. ನಾನೇ ಬರೆದದ್ದು, ಇನ್ನೂ ಯಾವ ಪಿಕ್ಚರ್‌ಗೂ ಕೊಟ್ಟಿಲ್ಲ. ಹೊಸದಾಗಿ ಮದುವೆಯಾದ ಜೋಡಿ. ರಾಜಾಜಿನಗರದಲ್ಲಿ ಮೊದಲ ಮಹಡಿ ಬಾಡಿಗೆ ಮನೆ. ಕೆಳಗೆ ಓನರ್ ಆಂಟಿ. ಬೆಳಿಗ್ಗೆ ಹುಡುಗ ಆಫೀಸಿಗೆ ಹೊರಟಾಗ ಮೆಟ್ಟಿಲ ಹತ್ತಿರ ತಡೆಯುತ್ತಾರೆ.

‘ನೋಡಪ್ಪಾ, ರಾತ್ರಿ ಹನ್ನೊಂದರ ಮೇಲೆ ಶುರು ಮಾಡ್ಬೇಡಿ. ಗೋಡೆಯೆಲ್ಲಾ ಅದುರುತ್ತೆ. ಕೆಳಗೆ ನಮಗೆ ನಿದ್ದೆ ಬರಲ್ಲ.’

ಹುಡುಗನ ಮುಖ ನೋಡಬೇಕು. ಹಿಂದೆ ಬರುತ್ತಿದ್ದ ಹೆಂಡತಿ ಹಾಗೇ ಒಳಗೆ ಓಡುತ್ತಾಳೆ.

‘ಸಾರಿ ಆಂಟಿ... ಇನ್ಮೇಲೆ ಬೇಗ ಮುಗಿಸ್ತೀವಿ.’

‘ಬೇಗ ಮುಗಿಸಿದ್ರೆ ತುಂಬಲ್ವಲ್ಲಪ್ಪಾ! ಬೆಳಿಗ್ಗೆ ಐದಕ್ಕೆ ಹಾಕಿ. ನಮ್ಮನೆಯವ್ರು ಎದ್ದಿರ್ತಾರೆ. ಏನಾದ್ರೂ ತೊಂದ್ರೆ ಆದ್ರೆ ಮೇಲೆ ಬಂದು ನೋಡ್ತಾರೆ.’

ವಿಷಯ ಸಂಪಿನ ಮೋಟಾರ್‌ದು. ಮೇಲಿನ ಟ್ಯಾಂಕಿಗೆ ನೀರು ಹತ್ತಿಸುವುದು. ಬೆಂಗಳೂರಿನಲ್ಲಿ ಬಾಡಿಗೆಗೆ ಇದ್ದವರಿಗೆಲ್ಲ ಗೊತ್ತು, ಇದು ನಿಜವಾದ ಜಗಳ. ನೀರು ಬಿಡುವ ದಿನ ಮಾತ್ರ ಸಂಪ್ ತುಂಬುತ್ತದೆ, ಮೋಟಾರ್ ಯಾರು ಯಾವಾಗ ಹಾಕಬೇಕು ಅನ್ನುವುದರ ಮೇಲೆ ಮನೆ ಖಾಲಿ ಮಾಡಿದವರಿದ್ದಾರೆ. ಆಂಟಿ ಕೋಪ ನಿಜ. ಅದಕ್ಕೇ ಮಾತು ನಿಲ್ಲುತ್ತದೆ.

ಈಗ ಕೇಳಿ. ಮೋಟಾರ್ ಅನ್ನುವುದನ್ನು ಪ್ರೇಕ್ಷಕನಿಗೆ ಯಾವಾಗ ತೋರಿಸಬೇಕು? ಕೊನೆಗೆ ತೋರಿಸಿದರೆ ಒಂದು ನಗು, ಢಂ ಅಂತ ಬಂದು ಹೋಗುತ್ತದೆ. ಹಿಂದಿನ ರಾತ್ರಿಯೇ ಆಂಟಿ ಹಾಸಿಗೆಯಲ್ಲಿ ಎದ್ದು ಕೂತು, ಗೋಡೆಗೆ ಕಿವಿ ಕೊಟ್ಟು, ಗಂಡನನ್ನು ಎಬ್ಬಿಸಿ ‘ನೋಡ್ರೀ, ಮತ್ತೆ ಮೋಟಾರ್ ಹಾಕವ್ರೆ’ ಅಂದರೆ? ಆಗ ಬೆಳಿಗ್ಗೆಯ ಸೀನ್ ಪೂರ್ತಿ ನಗು. ಯಾಕೆಂದರೆ ಪ್ರೇಕ್ಷಕನಿಗೆ ಎಲ್ಲಾ ಗೊತ್ತು, ಹುಡುಗನಿಗೆ ಮಾತ್ರ ಗೊತ್ತಿಲ್ಲ. ನಗು ಆಂಟಿ ಮೇಲೂ ಅಲ್ಲ, ಹೆಂಡತಿ ಮೇಲೂ ಅಲ್ಲ. ಹುಡುಗನ ಕಳ್ಳ ಮನಸ್ಸಿನ ಮೇಲೆ. ನಾನು ಎರಡನೆಯದನ್ನೇ ಆರಿಸುತ್ತೇನೆ. ಹೊಸಬರು ಯಾವಾಗಲೂ ಮೊದಲನೆಯದನ್ನು ಆರಿಸುತ್ತಾರೆ, ಟ್ವಿಸ್ಟ್ ಅಂದರೆ ಅವರಿಗೆ ಅಷ್ಟು ಆಸೆ.

ಇದನ್ನು ಪ್ರೊಡ್ಯೂಸರ್ ಮುಂದೆ ಓದಿದರೆ ಅವರು ಮೂರು ವಿಷಯ ಸೇರಿಸಿ ಅನ್ನುತ್ತಾರೆ. ಆಂಟಿ ಸೆರಗು ಜಾರಲಿ. ಹುಡುಗ ಕ್ಯಾಮೆರಾ ನೋಡಿ ಕಣ್ಣು ಹೊಡೆಯಲಿ. ಹಿಂದೆ ಒಂದು ‘ಟೊಂಯ್’ ಸೌಂಡ್ ಬರಲಿ. ಮೂರೂ ಬೇಡ. ಕಣ್ಣು ಹೊಡೆದ ಕೂಡಲೇ ಹುಡುಗನಿಗೆ ಎರಡೂ ಅರ್ಥ ಗೊತ್ತಿದೆ ಅಂತಾಯಿತು. ಗೊತ್ತಿದ್ದ ಮೇಲೆ ಅವನು ನಾಚುವುದೇಕೆ? ಸೀನ್ ಅಲ್ಲೇ ಸತ್ತಿತು. ಸೆರಗು ಜಾರಿದರೆ ಆಂಟಿಯ ಕೋಪ ಸುಳ್ಳಾಯಿತು. ಸೌಂಡ್ ಹಾಕುವುದಂತೂ ಪ್ರೇಕ್ಷಕನಿಗೆ ‘ನಿನಗೆ ಅರ್ಥವಾಗಲಿಲ್ಲವೇನೋ’ ಅಂತ ಹೇಳಿದ ಹಾಗೆ.

ಈ ಮೊದಲ ಮೀನಿಂಗ್ ಮಾತು ಡೈಲಾಗ್‌ಗೆ ಮಾತ್ರ ಅಲ್ಲ, ಪೂರ್ತಿ ಕಥೆಗೂ ಅನ್ವಯ. ‘ಅನುಭವ’ದ ಜೋಕ್‌ಗಳನ್ನೆಲ್ಲ ತೆಗೆದರೂ ಒಂದು ಕಥೆ ಉಳಿಯುತ್ತದೆ: ಆ ವಿಷಯದ ತಿಳಿವಳಿಕೆಯೇ ಇಲ್ಲದೆ ಮದುವೆಯಾದರೆ ಏನಾಗುತ್ತದೆ ಅಂತ. 2016ರಲ್ಲಿ ವಿಜಯಪ್ರಸಾದ್ ಮಾಡಿದ ‘ನೀರ್ ದೋಸೆ’ ನೋಡಿ. ಅದಕ್ಕೆ ಎ ಸರ್ಟಿಫಿಕೇಟ್ ಬಂತು, ಮಾತುಗಳು ಹಾಗಿದ್ದವು. ಆದರೆ ಜಗ್ಗೇಶ್ ಅದರಲ್ಲಿ ಹೆಣ ಸಾಗಿಸುವ ಗಾಡಿಯ ಡ್ರೈವರ್. ದಿನವೂ ಸಾವು ನೋಡುವವನು ಪೋಲಿ ಮಾತಾಡುತ್ತಾನೆ. ಹಾಗಾಗಿ ಆ ಮಾತಿಗೆ ತೂಕ ಬರುತ್ತದೆ.

ನಿಮ್ಮ ಸ್ಕ್ರಿಪ್ಟ್ ಮುಗಿದ ಮೇಲೆ ಒಂದು ಪ್ರತಿ ತೆಗೆದುಕೊಂಡು ಪೋಲಿ ಸಾಲುಗಳನ್ನೆಲ್ಲ ಹೊಡೆದು ಹಾಕಿ. ಉಳಿದದ್ದನ್ನು ಮನೆಯಲ್ಲಿ ಯಾರಿಗಾದರೂ ಹೇಳಿ. ‘ಆಮೇಲೆ?’ ಅಂತ ಕೇಳಿದರೆ ಅದು ಸಿನಿಮಾ. ಕೇಳದಿದ್ದರೆ ನಿಮ್ಮ ಹತ್ತಿರ ಇರುವುದು ಫೋನಿನಲ್ಲಿ ಫಾರ್ವರ್ಡ್ ಮಾಡುವ ಜೋಕುಗಳು ಅಷ್ಟೇ. ಅದನ್ನು ಜನ ಬಿಟ್ಟಿ ನೋಡುತ್ತಾರೆ, ಟಿಕೆಟ್ ಯಾಕೆ ತಗೊಳ್ಳುತ್ತಾರೆ?

ಮಾಲು ಎಲ್ಲಿ ಸಿಗುತ್ತದೆ

ಡಿವಿಡಿ ಕಾಲದಲ್ಲಿ ಹಿಂದಿ, ಇಂಗ್ಲಿಷ್ ನೋಡಿ ಕದಿಯುತ್ತಿದ್ದರು, ಈಗ ಒಟಿಟಿ ನೋಡಿ ಕದಿಯುತ್ತಾರೆ. ನಾನು ಬೇರೆ ಕಡೆ ಕಳಿಸುತ್ತೇನೆ. ಜನವರಿಯಲ್ಲಿ, ಬನದ ಹುಣ್ಣಿಮೆ ಹೊತ್ತಿಗೆ, ಬಾದಾಮಿ ಹತ್ತಿರ ಬನಶಂಕರಿ ಜಾತ್ರೆಗೆ ಹೋಗಿ. ಕಂಪನಿ ನಾಟಕದವರು ಸಾಲಾಗಿ ಟೆಂಟ್ ಹಾಕಿರುತ್ತಾರೆ. ರಾತ್ರಿಯೆಲ್ಲಾ ನಾಟಕ. ಸ್ಟೇಜ್ ನೋಡಬೇಡಿ, ಹೆಂಗಸರು ಕೂತ ಕಡೆ ನೋಡಿ. ಯಾವ ಮಾತಿಗೆ ಸೆರಗು ಬಾಯಿಗೆ ಇಟ್ಟುಕೊಂಡು ನಗುತ್ತಾರೆ, ಯಾವ ಮಾತಿಗೆ ಮುಖ ಗಂಟಿಕ್ಕಿ ಪಕ್ಕಕ್ಕೆ ತಿರುಗುತ್ತಾರೆ ಅಂತ ಬರೆದುಕೊಳ್ಳಿ. ಅತ್ತೆ, ಸೊಸೆ, ಮಗು ಎಲ್ಲ ಒಟ್ಟಿಗೆ ಕೂತು ನಗುವ ಪೋಲಿ ಮಾತು ಇದೆ. ಅದನ್ನು ಬರೆಯುವುದೇ ದೊಡ್ಡ ವಿದ್ಯೆ. ಕಂಪನಿ ನಾಟಕದ ಎಲ್ಲವೂ ಚೆನ್ನಾಗಿರುತ್ತದೆ ಅಂತ ನಾನು ಹೇಳುತ್ತಿಲ್ಲ. ಕೆಲವು ಸೀನ್ ಕೇಳುವುದಕ್ಕೇ ಹಿಂಸೆ. ಆದರೆ ಆ ನಟರ ಟೈಮಿಂಗ್ ನಿಮ್ಮ ಯಾವ ಆಕ್ಟಿಂಗ್ ಕ್ಲಾಸಿನಲ್ಲೂ ಸಿಗುವುದಿಲ್ಲ.

ಮದುವೆ ಮನೆಯಲ್ಲಿ ಬೀಗರನ್ನು ಹಂಗಿಸುವ ಹಾಡು, ಹೋಳಿ ಹುಣ್ಣಿಮೆಯ ಹಾಡು, ಹಳ್ಳಿಯ ಒಗಟು. ಒಗಟಿನಲ್ಲಿ ನಮಗೆ ಬೇಕಾದ ಪಾಠ ಸಿದ್ಧವಾಗಿ ಕೂತಿದೆ. ಪ್ರಶ್ನೆ ಕೇಳಿದರೆ ಕಿವಿ ಮುಚ್ಚಿಕೊಳ್ಳಬೇಕು, ಉತ್ತರ ನೋಡಿದರೆ ಒನಕೆಯೋ ಒಲೆಯೋ ಆಗಿರುತ್ತದೆ. ಅಜ್ಜಿ ಕೇಳುತ್ತಾಳೆ, ನೀವು ನಾಚುತ್ತೀರಿ, ಅಜ್ಜಿ ‘ನಿನ್ನ ಬುದ್ಧಿ ಎಲ್ಲಿ ಹೋಯ್ತು ಮಗಾ’ ಅಂತ ಬಯ್ಯುತ್ತಾಳೆ. ನನ್ನ ಆಂಟಿ ಸೀನು ಅದೇ ತಾನೇ.

ಆರ್ಟಿಸ್ಟ್, ಸೆಟ್

ಈ ಥರದ ಪಿಕ್ಚರ್‌ಗೆ ಹೀರೋಯಿನ್ ಹುಡುಕುವುದಕ್ಕಿಂತ ಆಂಟಿ, ಅಜ್ಜಿ, ಮಾವ ಇವರನ್ನು ಹುಡುಕುವುದು ಮುಖ್ಯ. ಮುಖದಲ್ಲಿ ಒಂದು ಗೆರೆಯೂ ಅಲುಗದೆ ಮಾತು ಹೇಳುವವರು ಬೇಕು. ನಾಟಕದಿಂದ ಬಂದವರು ಇದನ್ನು ಚೆನ್ನಾಗಿ ಮಾಡುತ್ತಾರೆ. ‘ಇದರಲ್ಲಿ ಇನ್ನೊಂದು ಅರ್ಥ ಇದೆ’ ಅಂತ ತೋರಿಸಿಕೊಳ್ಳುವವರನ್ನು ಎಷ್ಟೇ ಹೆಸರಿದ್ದರೂ ಬಿಡಿ.

ನಟಿಯರ ವಿಷಯದಲ್ಲಿ ಒಂದೇ ರೂಲು. ಅಡ್ವಾನ್ಸ್ ಕೊಡುವ ಮುಂಚೆ ಪೂರ್ತಿ ಡೈಲಾಗ್ ಓದಿ ಹೇಳಿ. ‘ಒಂದು ಸಣ್ಣ ರೊಮ್ಯಾಂಟಿಕ್ ಸೀನ್ ಇದೆ ಮೇಡಂ’ ಅಂತ ಸುತ್ತಿ ಬಳಸಬೇಡಿ. ಯಾವ ಬಟ್ಟೆ, ಯಾವ ಶಾಟ್, ಯಾರು ಎಲ್ಲಿ ಮುಟ್ಟುತ್ತಾರೆ, ಪೋಸ್ಟರ್‌ಗೆ ಯಾವ ಫೋಟೋ ಹೋಗುತ್ತದೆ, ಎಲ್ಲ ಅಗ್ರಿಮೆಂಟ್‌ನಲ್ಲಿ ಬರಲಿ. ಡೂಪ್ ಹಾಕಿ ಆಮೇಲೆ ಯಾವ ಶಾಟನ್ನೂ ಸೇರಿಸುವುದಿಲ್ಲ ಅಂತಲೂ ಬರೆಯಿರಿ. ನಾನು ಕೆಲಸ ಮಾಡಿದ ಒಂದು ಪಿಕ್ಚರ್‌ನಲ್ಲಿ ಪ್ರೊಡ್ಯೂಸರ್ ಡೈರೆಕ್ಟರ್‌ಗೆ ಹೇಳದೆ ಅಂಥ ಶಾಟ್ ತೆಗೆಸಿದ್ದರು. ಆ ಹುಡುಗಿ ಡಬ್ಬಿಂಗ್ ಸ್ಟುಡಿಯೋದಲ್ಲಿ ಅದನ್ನು ನೋಡಿದಳು. ಡಬ್ಬಿಂಗ್ ಬಿಟ್ಟು ಹೋದಳು, ವಾಪಸ್ ಬರಲಿಲ್ಲ. ಅವಳ ಧ್ವನಿಗೆ ಬೇರೆಯವರನ್ನು ಕರೆದು ಮುಗಿಸಿದರು. ಪಿಕ್ಚರ್ ಓಡಲಿಲ್ಲ ಅನ್ನುವುದು ಬೇರೆ ಮಾತು.

ಆಪ್ತ ದೃಶ್ಯ ತೆಗೆಯುವ ದಿನ ಸೆಟ್‌ನಲ್ಲಿ ಬೇಕಾದವರು ಮಾತ್ರ ಇರಲಿ. ಮಾನಿಟರ್ ಒಂದೇ ಸಾಕು. ಎಲ್ಲರ ಫೋನೂ ಪ್ರೊಡಕ್ಷನ್ ಮ್ಯಾನೇಜರ್ ಹತ್ತಿರ. 2013ರ ಕಾನೂನಿನ ಪ್ರಕಾರ ಹತ್ತು ಮತ್ತು ಹೆಚ್ಚು ಜನ ಕೆಲಸ ಮಾಡುವ ಕಡೆ ಲೈಂಗಿಕ ಕಿರುಕುಳದ ದೂರು ಕೇಳುವ ಆಂತರಿಕ ಸಮಿತಿ ಇರಲೇಬೇಕು. ಸಿನಿಮಾ ಸೆಟ್ ಅದಕ್ಕೆ ಹೊರತಲ್ಲ. ಪೋಲಿ ಮಾತಿನ ಪಿಕ್ಚರ್ ಮಾಡುತ್ತೇವೆ ಅಂದ ಮಾತ್ರಕ್ಕೆ ಸೆಟ್‌ನಲ್ಲೂ ಪೋಲಿ ಮಾತು ನಡೆಯಬಹುದು ಅಂದುಕೊಂಡವರು ಇರುತ್ತಾರೆ. ಅವರನ್ನು ಮೊದಲ ದಿನವೇ ಮನೆಗೆ ಕಳಿಸಿ, ಉಳಿದವರಿಗೆ ತಾನಾಗಿ ಅರ್ಥವಾಗುತ್ತದೆ.

ಶೂಟಿಂಗ್‌ನಲ್ಲಿ ಒಂದು ಮುಖ್ಯ ಅಭ್ಯಾಸ ಮಾಡಿಕೊಳ್ಳಿ. ಮಾತು ಆಡುವವರ ಕ್ಲೋಸ್ ಶಾಟ್‌ಗಿಂತ ಕೇಳುವವರ ಕ್ಲೋಸ್ ಶಾಟ್ ಜಾಸ್ತಿ ತೆಗೆದುಕೊಳ್ಳಿ. ನಗು ಇರುವುದು ಅಲ್ಲಿ. ರಿಸ್ಕ್ ಇರುವ ಪ್ರತಿ ಸಾಲಿಗೂ ಒಂದು ಸೇಫ್ ಟೇಕ್ ತೆಗೆಯಿರಿ. ತುಟಿ ಅಷ್ಟೇ ಹೊತ್ತು ಅಲುಗಬೇಕು, ಪದ ಮಾತ್ರ ಬೇರೆ. ಅಸಿಸ್ಟೆಂಟ್‌ಗಳು ‘ಯಾಕೆ ಸಾರ್ ಟೈಮ್ ವೇಸ್ಟ್’ ಅನ್ನುತ್ತಾರೆ. ಸೆನ್ಸಾರ್ ದಿನ ಗೊತ್ತಾಗುತ್ತದೆ.

ಎಡಿಟಿಂಗ್ ಬಗ್ಗೆ ಇಷ್ಟೇ: ನಿಮ್ಮ ಫ್ರೆಂಡ್ಸ್‌ಗೆ ತೋರಿಸಬೇಡಿ. ಅವರು ಎಲ್ಲದಕ್ಕೂ ನಗುತ್ತಾರೆ. ಮೂವತ್ತು ದಾಟಿದ ಹೆಂಗಸರನ್ನು, ನಿಮಗೆ ಪರಿಚಯ ಇಲ್ಲದವರನ್ನು, ಕೂರಿಸಿ ತೋರಿಸಿ. ಗಂಡಸರು ಇಲ್ಲದೆ. ಅವರು ನಕ್ಕ ಜಾಗದಲ್ಲಿ ಸ್ವಲ್ಪ ಖಾಲಿ ಬಿಡಿ, ಇಲ್ಲದಿದ್ದರೆ ಥಿಯೇಟರ್‌ನಲ್ಲಿ ನಗುವಿನ ಸದ್ದಿಗೆ ಮುಂದಿನ ಸಾಲು ಕೇಳುವುದಿಲ್ಲ.

ಸೆನ್ಸಾರ್

ಹೊಸಬರು ಸೆನ್ಸಾರನ್ನು ಶತ್ರು ಅಂದುಕೊಳ್ಳುತ್ತಾರೆ, ಇಲ್ಲವೇ ಪಬ್ಲಿಸಿಟಿ ಅಂದುಕೊಳ್ಳುತ್ತಾರೆ. ಎರಡೂ ತಪ್ಪು. ಅದು ನಿಮ್ಮ ಬಿಸಿನೆಸ್ ನಿರ್ಧಾರ ಆಗುವ ಜಾಗ. ಹಾಗಾಗಿ ನಿಯಮ ತಿಳಿದುಕೊಳ್ಳಿ.

1991ರ ಕೇಂದ್ರದ ಮಾರ್ಗಸೂಚಿಯಲ್ಲಿ ನಮ್ಮ ಕಸುಬಿನ ಬಗ್ಗೆಯೇ ಒಂದು ಸಾಲಿದೆ. ಕೀಳು ಭಾವನೆಗಳನ್ನು ಎದ್ದು ಕಾಣುವಂತೆ ಕೆರಳಿಸುವ ದ್ವಂದ್ವಾರ್ಥದ ಮಾತಿಗೆ ಅವಕಾಶ ಇಲ್ಲ ಅಂತ. ಅದರ ಕೆಳಗೇ, ಹೆಂಗಸರನ್ನು ಹೀನಾಯ ಮಾಡುವ ದೃಶ್ಯ ಬೇಡ ಅಂತ ಇನ್ನೊಂದು ಸಾಲು. ಎದ್ದು ಕಾಣುವಂತೆ ಇರಬೇಕು ಅನ್ನುವಲ್ಲೇ ನಿಮಗೆ ವಾದ ಮಾಡುವ ಜಾಗ ಇದೆ. ಮೊದಲ ಮೀನಿಂಗ್ ಗಟ್ಟಿ ಇದ್ದರೆ ‘ಸಾರ್, ಆಕೆ ಮೋಟಾರ್ ವಿಷಯ ಹೇಳುತ್ತಿದ್ದಾರೆ’ ಅಂತ ಮುಖ ಎತ್ತಿ ಹೇಳಬಹುದು. ಇಲ್ಲದಿದ್ದರೆ ತಲೆ ತಗ್ಗಿಸಿ ಕಟ್ ಲಿಸ್ಟ್ ತಗೊಂಡು ಬರಬೇಕು.

ಅರ್ಜಿ ಈಗ ಆನ್‌ಲೈನ್, ಇ-ಸಿನೆಪ್ರಮಾಣ್ ಪೋರ್ಟಲ್‌ನಲ್ಲಿ. ಅರ್ಜಿ ಹಾಕುವವರು ಪ್ರೊಡ್ಯೂಸರ್. ಆಮೇಲೆ ಎಕ್ಸಾಮಿನಿಂಗ್ ಕಮಿಟಿ ನೋಡುತ್ತದೆ. ಅದರಲ್ಲಿ ಮಹಿಳಾ ಸದಸ್ಯರೂ ಇರುತ್ತಾರೆ. ಅದಕ್ಕೇ ಹೇಳಿದ್ದು, ಹೆಂಗಸರಿಗೆ ಮೊದಲೇ ತೋರಿಸಿ ಅಂತ. ಅಲ್ಲಿ ಒಪ್ಪಿಗೆ ಆಗದಿದ್ದರೆ ಮತ್ತೊಮ್ಮೆ ನೋಡುವ ರಿವೈಸಿಂಗ್ ಕಮಿಟಿ. ಹಿಂದೆ ಅದರ ಮೇಲೆ ದೆಹಲಿಯಲ್ಲಿ ಅಪೀಲು ಕೇಳುವ ಟ್ರಿಬ್ಯೂನಲ್ ಇತ್ತು. 2021ರಲ್ಲಿ ಅದನ್ನು ತೆಗೆದುಹಾಕಿದರು. ಈಗ ನೇರವಾಗಿ ಹೈಕೋರ್ಟ್. ಬಡ್ಡಿ ಕಟ್ಟುತ್ತಿರುವ ಸಣ್ಣ ಪ್ರೊಡ್ಯೂಸರ್ ಹೈಕೋರ್ಟಿಗೆ ಹೋಗುವುದಿಲ್ಲ. ನಿಮ್ಮ ಪಾಲಿಗೆ ಕಮಿಟಿಯೇ ಕೊನೆ ಅಂದುಕೊಂಡು ತಯಾರಾಗಿ. ಸರ್ಟಿಫಿಕೇಟ್ ಕೈಗೆ ಬರುವವರೆಗೆ ರಿಲೀಸ್ ಡೇಟ್ ಹೇಳಬೇಡಿ.

2023ರ ತಿದ್ದುಪಡಿಯಿಂದ ಯುಎ, ಅಂದರೆ ಮಕ್ಕಳು ಅಪ್ಪ-ಅಮ್ಮನ ಮಾರ್ಗದರ್ಶನದಲ್ಲಿ ನೋಡಬಹುದಾದ ವರ್ಗ, ಮೂರು ಭಾಗ ಆಗಿದೆ: 7+, 13+, 16+. ಎ ಮಾತ್ರ ಹಾಗೇ ಇದೆ, 18ರ ಮೇಲಿನವರಿಗೆ. ಈ 16+ ಅನ್ನುವುದು ನಮ್ಮಂಥವರಿಗೆ ಹೊಸ ಬಾಗಿಲು. ಮೈ ತೋರಿಸದೆ, ಬರೀ ಮಾತಿನ ಮೇಲೆ ನಡೆಯುವ ಪಿಕ್ಚರ್ ಅದಕ್ಕೆ ಪ್ರಯತ್ನ ಮಾಡಬಹುದು. ಸರ್ಟಿಫಿಕೇಟ್ ಹತ್ತು ವರ್ಷಕ್ಕೆ ಮುಗಿಯುವ ಪದ್ಧತಿಯೂ ಹೋಯಿತು.

ಮ್ಯೂಟ್ ಮಾಡಿ ಅಂದರೆ ಕಂಗಾಲಾಗಬೇಡಿ. ಆದರೆ ಡೈಲಾಗ್ ಟ್ರ್ಯಾಕ್ ಬೇರೆ, ಮ್ಯೂಸಿಕ್ ಮತ್ತು ಎಫೆಕ್ಟ್ಸ್ ಬೇರೆ ಇಟ್ಟುಕೊಂಡಿರಬೇಕು. ಒಂದೇ ಟ್ರ್ಯಾಕ್ ಇದ್ದರೆ ಪದದ ಜೊತೆ ಫ್ಯಾನ್ ಸದ್ದು, ರೋಡ್ ಸದ್ದು ಎಲ್ಲ ನಿಂತು ಥಿಯೇಟರ್ ಕೆಟ್ಟಿತೇನೋ ಅನ್ನಿಸುತ್ತದೆ. ಒಂದು ತಮಾಷೆ ಹೇಳಲಾ? ಸಾದಾ ಪದವನ್ನು ಮ್ಯೂಟ್ ಮಾಡಿಸಿದರೆ ಜನ ತಾವೇ ಇನ್ನೂ ಕೆಟ್ಟ ಪದ ತುಂಬಿಕೊಂಡು ಜಾಸ್ತಿ ನಗುತ್ತಾರೆ. ಇದನ್ನು ಕಮಿಟಿ ಮುಂದೆ ಹೇಳಬೇಡಿ.

ಸರ್ಟಿಫಿಕೇಟ್ ಆದ ಮೇಲೆ ಏನೂ ಸೇರಿಸಬೇಡಿ, ಅದು ಅಪರಾಧ. ರೀಲ್ ಕಾಲದಲ್ಲಿ ಕೆಲವು ಥಿಯೇಟರ್‌ನವರು ಮಾರ್ನಿಂಗ್ ಶೋಗೆ ತಾವೇ ‘ಬಿಟ್’, ಅಂದರೆ ಬೇರೆ ಕಡೆಯ ಅಶ್ಲೀಲ ತುಂಡು, ಅಂಟಿಸುತ್ತಿದ್ದರು. ಹೆಸರು ಕೆಟ್ಟಿದ್ದು ಡೈರೆಕ್ಟರ್‌ದು. ಈಗ ಡಿಜಿಟಲ್ ಆದ ಮೇಲೆ ಆ ಕಾಟ ಹೆಚ್ಚುಕಮ್ಮಿ ಮುಗಿದಿದೆ.

ದುಡ್ಡು

ಇಲ್ಲಿ ಪೂರ್ತಿ ಹುಷಾರಾಗಿರಿ. ಎ ಸರ್ಟಿಫಿಕೇಟ್ ಪಿಕ್ಚರ್ ಟೀವಿಯಲ್ಲಿ ಬರುವಂತಿಲ್ಲ. ಟೀವಿಗೆ ಬೇಕೆಂದರೆ ಕಟ್ ಮಾಡಿ ಮತ್ತೆ ಸರ್ಟಿಫಿಕೇಟ್ ಮಾಡಿಸಬೇಕು. ಪೋಲಿ ಭಾಗ ತೆಗೆದ ಮೇಲೆ ಎಷ್ಟು ಉಳಿಯುತ್ತದೆ? ಕಥೆ ಇದ್ದರೆ ಒಂದೂಮುಕ್ಕಾಲು ಗಂಟೆ ಉಳಿಯುತ್ತದೆ, ಚಾನೆಲ್‌ನವರು ಮಾತಾಡುತ್ತಾರೆ. ಜೋಕ್ ಮಾತ್ರ ಇದ್ದರೆ ಹೆಸರು ಬರುವ ಟೈಟಲ್ ಕಾರ್ಡೂ ಎರಡು ಹಾಡೂ ಉಳಿಯುತ್ತವೆ. ಟೀವಿ ವರ್ಷನ್ ಹೇಗಿರುತ್ತದೆ ಅಂತ ಸ್ಕ್ರಿಪ್ಟ್ ಹಂತದಲ್ಲೇ ಬರೆದಿಟ್ಟುಕೊಳ್ಳಿ.

ಒಟಿಟಿಗೆ 2021ರ ನಿಯಮ. ಅಲ್ಲಿ ವಯಸ್ಸಿನ ವರ್ಗೀಕರಣ ಪ್ಲಾಟ್‌ಫಾರ್ಮ್‌ನವರೇ ಮಾಡುತ್ತಾರೆ. ಹೆಂಗಸರು ಎ ಪಿಕ್ಚರ್‌ಗೆ ಥಿಯೇಟರ್‌ಗೆ ಬರಲು ಹಿಂಜರಿಯುತ್ತಾರೆ, ಫೋನಿನಲ್ಲಿ ನೋಡುತ್ತಾರೆ. ಹಾಗಂತ ಒಟಿಟಿ ದುಡ್ಡನ್ನು ನಂಬಿ ಸಾಲ ಮಾಡಿಸಬೇಡಿ. ಹೊಸಬರ ಕನ್ನಡ ಪಿಕ್ಚರ್‌ಗೆ ಮುಂಚೆಯೇ ದೊಡ್ಡ ಮೊತ್ತ ಕೊಡುವವರು ಸಿಗುವುದು ಕಷ್ಟ. ಥಿಯೇಟರ್‌ನಲ್ಲಿ ಬಿಕೆಟಿ, ಅಂದರೆ ಬೆಂಗಳೂರು-ಕೋಲಾರ-ತುಮಕೂರು ಏರಿಯಾ, ಇದರ ಲೆಕ್ಕವನ್ನೇ ನೋಡಿ ಕೂರಬೇಡಿ. ಉತ್ತರ ಕರ್ನಾಟಕದ ಸಿಂಗಲ್ ಸ್ಕ್ರೀನ್‌ನವರ ಹತ್ತಿರ ಮೊದಲೇ ಮಾತಾಡಿ. ಕಂಪನಿ ನಾಟಕ ನೋಡಿ ಬೆಳೆದ ಜನಕ್ಕೆ ನಮ್ಮ ಮಾತು ಹೊಸದಲ್ಲ.

ಟೈಟಲ್ ಫಿಲ್ಮ್ ಚೇಂಬರ್‌ನಲ್ಲಿ ರಿಜಿಸ್ಟರ್ ಮಾಡಿಸುವಾಗ ಎರಡು ಹೆಸರು ಇಟ್ಟುಕೊಂಡು ಹೋಗಿ. ಅತಿ ಬುದ್ಧಿವಂತಿಕೆಯ ಹೆಸರು ವಾಪಸ್ ಬರಬಹುದು. ಅದಕ್ಕಿಂತ ಮುಖ್ಯ, ಗಂಡಸು ಬುಕ್ ಮೈ ಶೋನಲ್ಲಿ ಟಿಕೆಟ್ ತಗೊಂಡು ಹೆಂಡತಿಗೆ ತೋರಿಸುವಾಗ ಮುಜುಗರ ಆಗದ ಹೆಸರಾಗಿರಲಿ. ಟ್ರೇಲರ್‌ನಲ್ಲಿ ಪಿಕ್ಚರ್‌ನ ಪೋಲಿ ಮಾತನ್ನೆಲ್ಲ ಸುರಿಯಬೇಡಿ. ಥಿಯೇಟರ್‌ನಲ್ಲಿ ಹಾಕುವ ಟ್ರೇಲರ್‌ಗೂ ಬೇರೆ ಸರ್ಟಿಫಿಕೇಟ್ ಬೇಕು, ಅದಕ್ಕೆ ಎ ಬಂದರೆ ಫ್ಯಾಮಿಲಿ ಪಿಕ್ಚರ್ ಜೊತೆ ಹಾಕುವ ಹಾಗಿಲ್ಲ.

ಎರಡನೇ ಪಿಕ್ಚರ್

ಮೊದಲನೆಯದು ಓಡಿದರೆ ಮಾರನೇ ದಿನವೇ ನಾಲ್ಕು ಜನ ಪ್ರೊಡ್ಯೂಸರ್‌ಗಳು ಬರುತ್ತಾರೆ. ಎಲ್ಲರಿಗೂ ಅದೇ ಬೇಕು, ಇನ್ನೂ ಸ್ವಲ್ಪ ಜಾಸ್ತಿ ಬೇಕು. ಈ ‘ಸ್ವಲ್ಪ ಜಾಸ್ತಿ’ಯಲ್ಲೇ ಬಹಳ ಡೈರೆಕ್ಟರ್‌ಗಳು ಮುಗಿದರು. ಬೇರೆ ಕಥೆ ಹೇಳಿದರೆ ‘ಅದು ನಿಮ್ಮ ಕೈಯಲ್ಲಿ ಆಗಲ್ಲ ಬಿಡಿ’ ಅನ್ನುತ್ತಾರೆ.

ಇದಕ್ಕೆ ಕಾಶೀನಾಥ್ ಕಂಡುಕೊಂಡ ದಾರಿಗಳಲ್ಲಿ ಒಂದು, ಹುಡುಗರನ್ನು ಬೆಳೆಸುವುದು. ಉಪೇಂದ್ರ ಅವರ ಹತ್ತಿರ ಕೆಲಸ ಕಲಿತವರು. ಉಪೇಂದ್ರ ಡೈರೆಕ್ಟರ್ ಆಗಿ ಶುರು ಮಾಡಿದ್ದು 1992ರಲ್ಲಿ ‘ತರ್ಲೆ ನನ್ ಮಗ’ದಿಂದ, ಜಗ್ಗೇಶ್ ಹಾಕಿಕೊಂಡು, ತರ್ಲೆ ಹಾಸ್ಯದಲ್ಲೇ. ಮರುವರ್ಷ ಹಾರರ್ ಮಾಡಿದರು. 1995ರಲ್ಲಿ ‘ಓಂ’, ರೌಡಿಗಳ ಲೋಕದ ಕಥೆ. ಮೂರು ವರ್ಷದಲ್ಲಿ ಮೂರು ಜಾತಿಯ ಪಿಕ್ಚರ್. ಎರಡನೇ ಪಿಕ್ಚರ್‌ನಲ್ಲೇ ದಾರಿ ಬದಲಿಸಿದ್ದರಿಂದ ಯಾರೂ ಅವರಿಗೆ ಹಣೆಪಟ್ಟಿ ಅಂಟಿಸಲು ಆಗಲಿಲ್ಲ. ನೀವು ಇದೇ ಜಾತಿಯಲ್ಲಿ ಇರಬೇಕು ಅಂದರೂ ತಪ್ಪಿಲ್ಲ, ನಾನು ಇದ್ದೇನೆ. ಆದರೆ ಎರಡನೆಯದು ಬೇರೆ ಮಾಡಿ, ಮೂರನೆಯದಕ್ಕೆ ವಾಪಸ್ ಬನ್ನಿ. ಆಗ ಬಂದವರು ಅನ್ನುತ್ತಾರೆ, ಸಿಕ್ಕಿಕೊಂಡವರು ಅನ್ನುವುದಿಲ್ಲ.

ಕಾಶೀನಾಥ್ 2017ರಲ್ಲಿ ‘ಚೌಕ’ದಲ್ಲಿ ಅಪ್ಪನ ಪಾತ್ರ ಮಾಡಿದರು. ಥಿಯೇಟರ್‌ನಲ್ಲಿ ಜನ ಅತ್ತರು. ಒಂದು ಕಾಲದಲ್ಲಿ ಅವರ ಪೋಸ್ಟರ್ ಕಂಡರೆ ಮಕ್ಕಳ ಕಣ್ಣು ಮುಚ್ಚಿದ್ದ ಅಪ್ಪಂದಿರೇ ಅವರಲ್ಲಿ ಎಷ್ಟೋ ಜನ ಇದ್ದಿರಬೇಕು. 2018ರ ಜನವರಿಯಲ್ಲಿ ಅವರು ತೀರಿಕೊಂಡಾಗ ನಮ್ಮ ಯೂನಿಟ್‌ನಲ್ಲಿ ಅರ್ಧ ದಿನ ಶೂಟಿಂಗ್ ನಿಲ್ಲಿಸಿದರು.

ಎರಡನೇ ಪಿಕ್ಚರ್‌ಗೆ ಅಡ್ವಾನ್ಸ್ ತಗೊಳ್ಳುವ ಮುಂಚೆ ಇಷ್ಟನ್ನು ಬರೆಸಿಕೊಳ್ಳಿ: ಟೈಟಲ್ ಬದಲಾಯಿಸುವ ಹಕ್ಕು ಯಾರದು, ಪೋಸ್ಟರ್ ಯಾರು ಓಕೆ ಮಾಡುತ್ತಾರೆ, ನಿಮಗೆ ತೋರಿಸದೆ ಶಾಟ್ ಸೇರಿಸಿದರೆ ನಿಮ್ಮ ಹೆಸರು ತೆಗೆಸುವ ಹಕ್ಕು ನಿಮಗಿದೆಯೇ. ಈ ಕೊನೆಯದಕ್ಕೆ ಪ್ರೊಡ್ಯೂಸರ್ ನಗುತ್ತಾರೆ. ‘ಏನ್ ಸಾರ್, ನಂಬಿಕೆ ಇಲ್ವಾ?’ ಅನ್ನುತ್ತಾರೆ. ನೀವೂ ನಗಿ. ನಕ್ಕು ಪೆನ್ನು ಕೈಗೆ ಕೊಡಿ. ಚೆಕ್ ಆದರೆ ಪಾಸಾಗುವವರೆಗೆ ಲೊಕೇಶನ್ ನೋಡಲು ಹೋಗಬೇಡಿ.